ಹತ್ತು ಕೋಟಿ ಸಾಲಿನ ಫೈಲು, 16 ಜಿಬಿ ರ‍್ಯಾಮ್

ಹತ್ತು ಕೋಟಿ ಸಾಲು, ಇಪ್ಪತ್ತು ಕಾಲಮ್ ಇರುವ ಸಿಎಸ್‌ವಿ (ಮೌಲ್ಯಗಳನ್ನು ಅಲ್ಪವಿರಾಮದಿಂದ ಬೇರ್ಪಡಿಸಿದ ಪಠ್ಯ) ಫೈಲು ಕೈಗೆ ಬಂದರೆ ಅದನ್ನು ತೆರೆಯುವ ಮೊದಲು ನಾನು ಲೆಕ್ಕ ಹಾಕುತ್ತೇನೆ. ಪೈಥಾನ್ ಭಾಷೆಯ ದತ್ತಾಂಶ ಲೈಬ್ರರಿ ಪಾಂಡಾಸ್ ಒಂದು ಸಂಖ್ಯೆಗೆ ಸಾಮಾನ್ಯವಾಗಿ 8 ಬೈಟ್ ಹಿಡಿಯುತ್ತದೆ. ಒಂದು ಕಾಲಮಿಗೆ 800 ಎಂಬಿ, ಇಪ್ಪತ್ತಕ್ಕೆ 16 ಜಿಬಿ. ಅಲ್ಲಿಗೆ ಡೆಸ್ಕ್‌ಟಾಪಿನ ರ‍್ಯಾಮ್ ಮುಗಿಯಿತು. ಪಠ್ಯದ ಕಾಲಮ್ ಇನ್ನೂ ಭಾರ: ಆಬ್ಜೆಕ್ಟ್ ಬಗೆಯಲ್ಲಿ ಪ್ರತಿ ಮೌಲ್ಯಕ್ಕೆ 8 ಬೈಟಿನ ಪಾಯಿಂಟರ್ (ಪಠ್ಯ ಮೆಮೊರಿಯಲ್ಲಿ ಎಲ್ಲಿದೆಯೆಂಬ ವಿಳಾಸ), ಜೊತೆಗೆ ಸ್ಟ್ರಿಂಗಿಗೇ 50 ಬೈಟ್‌ನಷ್ಟು. ಸಾಲು ಸಾಲಿಗೂ ಬೇರೆ ಪಠ್ಯವಿದ್ದರೆ ಅದೊಂದೇ ಕಾಲಮ್ ಸುಮಾರು 6 ಜಿಬಿ ನುಂಗುತ್ತದೆ. ಸಾರ್ಟ್, ಮರ್ಜ್ ಮಾಡುವಾಗ ಹುಟ್ಟುವ ನಕಲುಗಳು ಬೇರೆ.

ಆದ್ದರಿಂದ ಕೆಲಸ ಹಂಚುತ್ತೇನೆ. ದತ್ತಾಂಶ ಇಡುವುದು ಪಾರ್ಕೆ ಫೈಲಿನಲ್ಲಿ (ಕಾಲಮ್ ಕಾಲಮಾಗಿ ಒತ್ತಿಡುವ ಬಗೆ), ಸೋಸುವುದು ಮತ್ತು ಒಟ್ಟು ಹಾಕುವುದು ನಮ್ಮ ಕಂಪ್ಯೂಟರಿನಲ್ಲೇ ಓಡುವ ಡೇಟಾಬೇಸ್ ಡಕ್‌ಡಿಬಿಯಲ್ಲಿ. ಕೊನೆಗೆ ಉಳಿಯುವ ಕೆಲವು ಲಕ್ಷ ಸಾಲು ಮಾತ್ರ ಪಾಂಡಾಸ್‌ಗೆ.

ಇದಕ್ಕೆಲ್ಲ ಮೊದಲು ಲೈಬ್ರರಿ ಫೈಲುಗಳು ಸರಿಯಿರಬೇಕು. ವಿಂಡೋಸ್‌ನಲ್ಲಿ 32 ಬಿಟ್ ಪ್ರೋಗ್ರಾಮಿಗೆ ಸಾಮಾನ್ಯವಾಗಿ ಸಿಗುವುದು 2 ಜಿಬಿ ಜಾಗ, ರ‍್ಯಾಮ್ ಎಷ್ಟೇ ಇರಲಿ. ಹಾಗಾಗಿ ಪೈಥಾನ್ 64 ಬಿಟ್ಟಿನದೇ ಎಂದು ಮೊದಲು ನೋಡುತ್ತೇನೆ. ಅದಕ್ಕೆ 32 ಬಿಟ್ ಡಿಎಲ್‌ಎಲ್ (ಪ್ರೋಗ್ರಾಮು ಓಡುವಾಗ ಸೇರಿಸಿಕೊಳ್ಳುವ ಲೈಬ್ರರಿ ಫೈಲು) ಕೊಟ್ಟರೆ 193ನೇ ಎರರ್ ಬರುತ್ತದೆ. ‘ಡಿಎಲ್‌ಎಲ್ ಲೋಡ್ ಫೇಲ್ಡ್’ ಎಂದು ಬಂದರೆ ಹೆಸರು ಹೇಳಿದ ಫೈಲೇ ಇಲ್ಲ ಎಂದುಕೊಳ್ಳಬೇಡಿ. ಅನೇಕ ಸಲ ಇಲ್ಲದಿರುವುದು ಅದು ನೆಚ್ಚಿಕೊಂಡ ಇನ್ನೊಂದು ಫೈಲು, ಹೆಚ್ಚಾಗಿ ವಿಷುಯಲ್ ಸಿ++ ರನ್‌ಟೈಮಿನದು. ಅದನ್ನು ಮೈಕ್ರೋಸಾಫ್ಟಿನ ಇನ್‌ಸ್ಟಾಲರ್‌ನಿಂದಲೇ ಹಾಕಿ. ಸಿಕ್ಕಸಿಕ್ಕ ಕಡೆಯಿಂದ ಒಂಟಿ ಡಿಎಲ್‌ಎಲ್ ತಂದು ಸಿಸ್ಟಮ್ ಫೋಲ್ಡರಿಗೆ ಹಾಕುವುದು ಅಪಾಯ. ಪೈಥಾನ್ 3.8ರಿಂದ ಈ ಅವಲಂಬಿತ ಫೈಲುಗಳನ್ನು ಹುಡುಕಲು ಪಾಥ್ (ವಿಂಡೋಸ್ ಫೈಲು ಹುಡುಕುವ ಫೋಲ್ಡರುಗಳ ಪಟ್ಟಿ) ಬಳಕೆಯಾಗುವುದಿಲ್ಲ, ಫೋಲ್ಡರನ್ನು ಕೋಡಿನಲ್ಲೇ ಸೇರಿಸಬೇಕು.

ಪಾಂಡಾಸ್ ನೆಚ್ಚಿಕೊಂಡ ಗಣಿತದ ಲೈಬ್ರರಿ ನಂಪೈನ 2024ರ ಆವೃತ್ತಿ 2.0 ಬೈನರಿ ಹೊಂದಾಣಿಕೆಯನ್ನು ಬದಲಿಸಿತು. 1.x ಮೇಲೆ ಕಂಪೈಲ್ ಆದ ಹಳೆಯ ಮಾಡ್ಯೂಲುಗಳು ಅದರೊಂದಿಗೆ ಓಡುವುದಿಲ್ಲ. ಪ್ರತಿ ಕೆಲಸಕ್ಕೂ ಪ್ರತ್ಯೇಕ ವರ್ಚುವಲ್ ಎನ್ವಿರಾನ್ಮೆಂಟ್ (ತನ್ನದೇ ಲೈಬ್ರರಿಗಳಿರುವ ಫೋಲ್ಡರು) ಮಾಡಿ, ಆವೃತ್ತಿಗಳನ್ನು ಬರೆದಿಡುವುದು ಇದಕ್ಕೇ.

ಹೆಚ್ಚು ಹೊತ್ತು ಕೊಡಬೇಕಾದದ್ದು ಸಿಎಸ್‌ವಿಯಿಂದ ಪಾರ್ಕೆಗೆ ಬದಲಿಸುವ ಹಂತಕ್ಕೆ. ಡಕ್‌ಡಿಬಿ ಕಾಲಮಿನ ಬಗೆಯನ್ನು ಊಹಿಸಲು ತಾನಾಗಿ ನೋಡುವುದು 20,480 ಸಾಲಿನ ಮಾದರಿಯನ್ನು. ಅಲ್ಲೆಲ್ಲ ಬರೀ ಅಂಕಿ ಇದ್ದು, ಐದು ಕೋಟಿಯ ಆಚೆ ಎಲ್ಲೋ ಒಂದು ಅಕ್ಷರ ಬಂದರೆ ಓದು ಅರ್ಧಕ್ಕೆ ನಿಲ್ಲುತ್ತದೆ. ನಾನು ಎಲ್ಲವನ್ನೂ ಮೊದಲು ಪಠ್ಯವಾಗಿಯೇ ಓದಿಸುತ್ತೇನೆ. ಆಮೇಲೆ ಟ್ರೈ ಕಾಸ್ಟ್ (ಬದಲಿಸಲಾಗದ ಮೌಲ್ಯವನ್ನು ಖಾಲಿ ಬಿಡುವ ಆಜ್ಞೆ) ಬಳಸಿ ಒಂದೊಂದೇ ಕಾಲಮನ್ನು ಬದಲಿಸಿ, ಎಷ್ಟು ಮೌಲ್ಯ ಬದಲಾಗದೆ ಖಾಲಿಯಾದವು ಎಂದು ಎಣಿಸುತ್ತೇನೆ. ನಿಧಾನ ನಿಜ, ಆದರೆ ಕೆಟ್ಟ ಸಾಲು ಎಲ್ಲಿದೆಯೆಂದು ಕಣ್ಣಿಗೆ ಕಾಣುತ್ತದೆ.

ಗುರುತಿನ ಸಂಖ್ಯೆಗಳನ್ನು ಪಠ್ಯವಾಗಿಯೇ ಉಳಿಸಿ. ಸಂಖ್ಯೆಯ ಆರಂಭದ ಸೊನ್ನೆ ಹಾರಿಹೋಗುವುದು ಒಂದು ಕಾರಣ. ಅದಕ್ಕಿಂತ ಕೆಟ್ಟದ್ದು ಇನ್ನೊಂದಿದೆ: ಪೂರ್ಣಾಂಕದ ಕಾಲಮಿನಲ್ಲಿ ಒಂದೇ ಒಂದು ಖಾಲಿ ಜಾಗವಿದ್ದರೂ ಪಾಂಡಾಸ್ ಅದನ್ನು ತಾನಾಗಿ ದಶಮಾಂಶದ ಬಗೆಗೆ ತಿರುಗಿಸುತ್ತದೆ. 9007199254740992ರ ಆಚೆಗೆ ಆ ಬಗೆ ಪ್ರತಿ ಪೂರ್ಣಾಂಕವನ್ನೂ ಬೇರೆಯಾಗಿ ಹಿಡಿದಿಡಲಾರದು. ಎರಡು ಬೇರೆ ಗುರುತು ಒಂದೇ ಆಗಿಬಿಡುತ್ತವೆ. ಎರರ್ ಏನೂ ಬರುವುದಿಲ್ಲ, ಜಾಯಿನ್ (ಗುರುತಿನ ಮೇಲೆ ಎರಡು ಕೋಷ್ಟಕ ಜೋಡಿಸುವುದು) ಮಾತ್ರ ತಪ್ಪಾಗುತ್ತದೆ.

ಬರೆಯುವಾಗ ದಿನಾಂಕದ ಪ್ರಕಾರ ಸಾರ್ಟ್ ಮಾಡಿ, ಝಡ್‌ಸ್ಟ್ಯಾಂಡರ್ಡ್ ಕಂಪ್ರೆಷನ್ ಹಾಕುತ್ತೇನೆ. ಪಾರ್ಕೆಯಲ್ಲಿ ಸಾಲುಗಳು ಗುಂಪು ಗುಂಪಾಗಿ ಕೂರುತ್ತವೆ. ಡಕ್‌ಡಿಬಿ ಬರೆದರೆ ಒಂದು ಗುಂಪಿಗೆ 1,22,880 ಸಾಲು. ಪ್ರತಿ ಗುಂಪಿನ ಕನಿಷ್ಠ, ಗರಿಷ್ಠ ಮೌಲ್ಯ ಫೈಲಿನಲ್ಲೇ ಇರುವುದರಿಂದ, ಒಂದು ತಿಂಗಳ ದತ್ತಾಂಶ ಕೇಳಿದಾಗ ಉಳಿದ ಗುಂಪುಗಳನ್ನು ಮುಟ್ಟುವುದೇ ಇಲ್ಲ. ಸಾರ್ಟ್ ಮಾಡದ ಫೈಲಿನಲ್ಲಿ ಎಲ್ಲ ಗುಂಪಿನಲ್ಲೂ ಎಲ್ಲ ತಿಂಗಳೂ ಇರುತ್ತದೆ, ಈ ಲಾಭ ಸಿಗದು.

ಡಕ್‌ಡಿಬಿ ತಾನಾಗಿ ರ‍್ಯಾಮಿನ ಶೇ 80ರವರೆಗೆ ಬಳಸಬಲ್ಲದು. ಬ್ರೌಸರ್, ಪಾಂಡಾಸ್ ಕೂಡ ತೆರೆದಿದ್ದರೆ ಇದು ಜಾಸ್ತಿ, 8 ಜಿಬಿಗೆ ಮಿತಿ ಹಾಕಿ. ಮಿತಿ ಮೀರಿದ್ದನ್ನು ಬರೆದಿಡುವ ತಾತ್ಕಾಲಿಕ ಫೋಲ್ಡರನ್ನು ಸಾಕಷ್ಟು ಜಾಗವಿರುವ ಎಸ್‌ಎಸ್‌ಡಿಗೆ ತೋರಿಸಿ. ಆಗಲೂ ಮೆಮೊರಿ ಸಾಲದಿದ್ದರೆ ಥ್ರೆಡ್ (ಒಟ್ಟೊಟ್ಟಿಗೆ ಓಡುವ ಕೆಲಸಗಳು) ಕಡಿಮೆ ಮಾಡಿ; ಸಾಲಿನ ಮೂಲ ಕ್ರಮ ಬೇಡವಾದರೆ ಅದನ್ನು ಕಾಯುವ ಸೆಟ್ಟಿಂಗನ್ನು ಆಫ್ ಮಾಡಿ.

ಕೊನೆಗೆ ಸಾಲಿನ ಎಣಿಕೆಯನ್ನೂ ಮುಖ್ಯ ಕಾಲಮುಗಳ ಮೊತ್ತವನ್ನೂ ಎರಡೂ ಫೈಲಿನಲ್ಲಿ ತಾಳೆ ನೋಡುತ್ತೇನೆ. ಸಿಎಸ್‌ವಿಯ ಲೈನುಗಳನ್ನು ಸುಮ್ಮನೆ ಎಣಿಸಿದರೆ ಸಾಲದು: ಉದ್ಧರಣ ಚಿಹ್ನೆಯೊಳಗೆ ಎಂಟರ್ ಒತ್ತಿದ ವಿಳಾಸವಿದ್ದರೆ ಒಂದೇ ದಾಖಲೆ ಎರಡು ಲೈನಾಗಿ ಕಾಣುತ್ತದೆ. ಸಿಎಸ್‌ವಿ ಪಾರ್ಸರಿನಿಂದಲೇ ಎಣಿಸಿ. ತಾಳೆಯಾಗುವವರೆಗೆ ಮೂಲ ಫೈಲನ್ನು ಅಳಿಸಬೇಡಿ.