ಹೊತ್ತಿಗೊಂದು ಕೆರೆ ಕಟ್ಟಿದ್ದು

ಫ್ಯಾಂಟಸಿ ಕಾದಂಬರಿಗೆ ಲೋಕ ಕಟ್ಟುವವರು ಹೆಚ್ಚಾಗಿ ಮೊದಲು ಮಂತ್ರ ಹುಡುಕುತ್ತಾರೆ. ನಾನು ಮೊದಲು ಕೆರೆಯಿಂದ ನೀರು ಬಿಡುವ ತೂಬು ಹುಡುಕಿದೆ. ಕಾಲದಿಂದ ಶಕ್ತಿ ಪಡೆಯುವ ನಾಡೊಂದು ನನ್ನ ತಲೆಯಲ್ಲಿತ್ತು. ಅದಕ್ಕೆ ಗಳಿಗೆಸೀಮೆ ಎಂದು ಹೆಸರಿಟ್ಟಿದ್ದೆ. ಅಲ್ಲಿನ ಜನ ಹೊತ್ತನ್ನು ಹಿಡಿದಿಟ್ಟು, ಬೇಕಾದಾಗ ಬಿಟ್ಟುಕೊಂಡು ಗಾಣ ತಿರುಗಿಸುತ್ತಾರೆ, ದೀಪ ಉರಿಸುತ್ತಾರೆ. ಹಿಡಿದಿಡುವುದು ಎಲ್ಲಿ? ಹೊಳೆಯುವ ಹರಳು, ಮಾಯದ ಭರಣಿ ಇಂಥವು ಓದಲು ಚೆಂದ. ಆದರೆ ಹರಳಿಗೆ ಏರಿ ಇಲ್ಲ, ಕೋಡಿ ಇಲ್ಲ, ಅದರ ಹೂಳೆತ್ತುವವರಿಲ್ಲ, ಅದಕ್ಕಾಗಿ ಜಗಳಕ್ಕೆ ನಿಲ್ಲುವ ಕೆಳಗಿನ ಊರಿಲ್ಲ. ಚಿತ್ರದುರ್ಗದಲ್ಲಿ ಬೆಳೆದವಳಿಗೆ ಕೂಡಿಡುವುದು ಅಂದರೆ ಇವೆಲ್ಲ ಸೇರಿಯೇ.

ಕೋಟೆಯ ಹೊಂಡಗಳೇ ನನಗೆ ನಕ್ಷೆ. ಮಳೆ ಚೆನ್ನಾಗಿ ಹಿಡಿದ ವರ್ಷ ಮೇಲಿನ ಗೋಪಾಲಸ್ವಾಮಿ ಹೊಂಡ ತುಂಬಿ ನೀರು ಅಕ್ಕ-ತಂಗಿಯರ ಹೊಂಡಕ್ಕೆ ಇಳಿಯುತ್ತದೆ. ಅಲ್ಲಿಂದ ಕೆಳಗೆ ಸಿಹಿನೀರು ಹೊಂಡ, ಸಂತೆಹೊಂಡ. ಬಂಡೆಯ ಇಳಿಜಾರನ್ನೇ ನಂಬಿ ಮಾಡಿದ ಏರ್ಪಾಡು. ಗಳಿಗೆಸೀಮೆಯಲ್ಲೂ ಹೊತ್ತು ಎತ್ತರದಿಂದ ತಗ್ಗಿಗೆ ಹರಿಯುತ್ತದೆ ಎಂದು ನಿಯಮ ಮಾಡಿದೆ. ಮನೆಗೆ ಬಟ್ಟಲು, ಊರಿಗೆ ಹೊಂಡ, ಸೀಮೆಗೆಲ್ಲ ಒಂದು ಸಾಗರ. ಅಳತೆಗೆ ಹಳೆಯ ಗಳಿಗೆ ಬಟ್ಟಲನ್ನೇ ಇಟ್ಟುಕೊಂಡೆ: ತಳದಲ್ಲಿ ಸಣ್ಣ ತೂತಿರುವ ಬಟ್ಟಲನ್ನು ನೀರಿನ ಮೇಲೆ ತೇಲಬಿಟ್ಟರೆ, ಅದು ತುಂಬಿ ಮುಳುಗುವಷ್ಟರಲ್ಲಿ ಒಂದು ಗಳಿಗೆ, ಅಂದರೆ 24 ನಿಮಿಷ. ದಿನಕ್ಕೆ 60 ಗಳಿಗೆ. ಅಳತೆ ಹೀಗೆ ಕೈಗೆ ಸಿಗುವಂತಿದ್ದರೆ ಪಾತ್ರಗಳು ಸಾಲ ಮಾಡಬಹುದು, ಕದಿಯಬಹುದು, ಸುಳ್ಳು ಲೆಕ್ಕ ಬರೆಯಬಹುದು.

ಹೊತ್ತು ಬರುವುದೆಲ್ಲಿಂದ? ಇದನ್ನು ಬಗೆಹರಿಸಿಕೊಳ್ಳದೆ ಒಂದು ಪುಟವನ್ನೂ ಬರೆಯಬಾರದು ಎಂಬುದು ನನ್ನ ಹಟವಾಗಿತ್ತು. ಕಾಯುವುದು ಇರುವಲ್ಲೆಲ್ಲ ಹೊತ್ತು ಜಿನುಗುತ್ತದೆ ಎಂದಿಟ್ಟುಕೊಂಡೆ. ಮಣ್ಣೊಳಗಿನ ಬೀಜ, ಹೆಪ್ಪು ಹಾಕಿದ ಹಾಲು, ಮಾಯುತ್ತಿರುವ ಗಾಯ. ಅಲ್ಲಿಂದ ಹೊತ್ತನ್ನು ಕಾಲುವೆಗೆ ತಿರುಗಿಸಿಕೊಂಡರೆ ಅಲ್ಲಿ ಆಗಬೇಕಾದ್ದು ಅಷ್ಟು ತಡ. ಬೆಳಗಾದರೂ ಹಾಲು ಹಾಲಾಗಿಯೇ ಇರುತ್ತದೆ, ಗಾಯ ಹಸಿಯಾಗಿಯೇ ಉಳಿಯುತ್ತದೆ. ತಗ್ಗಿನ ಪಟ್ಟಣದಲ್ಲಿ ದೀಪ ಉರಿಯಬೇಕಾದರೆ ಗುಡ್ಡದೂರಿನ ರಾಗಿ ತಡವಾಗಿ ತೆನೆಗಟ್ಟಬೇಕು. ಈ ನಿಯಮ ಬಂದ ಮೇಲೆ ಕಥೆ ತಾನಾಗಿ ನಡೆಯತೊಡಗಿತು.

ನಷ್ಟದ ಲೆಕ್ಕಕ್ಕೆ ನಿಜಲೋಕದ ಕಡೆ ನೋಡಿದೆ. 1,000 ಲೀಟರ್ ನೀರನ್ನು 100 ಮೀಟರ್ ಎತ್ತರಕ್ಕೆ ಏರಿಸಿಟ್ಟರೆ ಅದರಲ್ಲಿರುವ ಶಕ್ತಿ ಕಾಲು ಯೂನಿಟ್ ಕರೆಂಟಿಗಿಂತ ಚೂರು ಹೆಚ್ಚು, ಅಷ್ಟೆ. ನೀರನ್ನು ಮೇಲಕ್ಕೆ ಪಂಪ್ ಮಾಡಿಟ್ಟು, ಬೇಕಾದಾಗ ಇಳಿಸಿ ಕರೆಂಟ್ ತೆಗೆಯುವ ಸ್ಥಾವರಗಳಲ್ಲಿ ಹಾಕಿದ್ದರ ಶೇ 70ರಿಂದ 80ರಷ್ಟು ವಾಪಸ್ ಬರುತ್ತದೆ. ನಮ್ಮ ಗುಡ್ಡಗಳ ಮೇಲಿನ ಗಾಳಿಯಂತ್ರಗಳನ್ನು ನೋಡುವಾಗ ಈ ಲೆಕ್ಕವೇ ಮನಸ್ಸಿಗೆ ಬರುತ್ತದೆ. ಆಷಾಢದ ಗಾಳಿಯನ್ನು ಚಳಿಗಾಲಕ್ಕೆ ಎತ್ತಿಡುವುದು ಎಷ್ಟು ದೊಡ್ಡ ಕೆಲಸ! ಹಾಗಾಗಿ ಗಳಿಗೆಸೀಮೆಯಲ್ಲಿ ಹತ್ತು ಗಳಿಗೆ ಹಾಕಿದವರಿಗೆ ಸಿಗುವುದು ಏಳು. ಉಳಿದ ಮೂರು ಏರಿಯಿಂದ ಜಿನುಗಿ ಅದರ ಹಿಂದಿನ ಊರಿಗೆ ಇಳಿಯುತ್ತದೆ. ಆ ಊರಲ್ಲಿ ಬೆಳೆ ಬೇಗ ಬರುತ್ತದೆ, ಮುಪ್ಪೂ ಬೇಗ. ಅಲ್ಲಿನವರಿಗೆ ಹೆಣ್ಣು ಕೊಡಲು ಮೇಲಿನ ಊರಿನವರು ಹಿಂದೆಮುಂದೆ ನೋಡುತ್ತಾರೆ.

ಹೂಳಿನ ವಿಚಾರದಲ್ಲಿ ನನಗೆ ತುಂಬ ಆಸಕ್ತಿ. ಬಹಳ ಕಾಲ ಬಳಸದೆ ಬಿಟ್ಟ ಹೊತ್ತು ಹೊಂಡದ ತಳಕ್ಕೆ ಇಳಿದು ಗಟ್ಟಿಯಾಗುತ್ತದೆ, ಗಾಣ ತಿರುಗಿಸುವಷ್ಟು ಹರಿಯುವುದಿಲ್ಲ. ಬೇಸಿಗೆಯಲ್ಲಿ ಅದನ್ನು ಎತ್ತಲೇಬೇಕು. ನಮ್ಮ ರೈತರು ಕೆರೆಯ ಹೂಳನ್ನು ಹೊಲಕ್ಕೆ ಹೊಡೆಯುವಂತೆ ಅವರು ಆ ಹೂಳನ್ನು ಹುಣಸೆ ಸಸಿಗಳ ಬುಡಕ್ಕೆ ಹಾಕುತ್ತಾರೆ. ಫಲಕ್ಕೆ ವರ್ಷಗಟ್ಟಲೆ ಕಾಯಿಸಬೇಕಾದ ಮರ ನೆಟ್ಟವರ ಕಣ್ಣೆದುರೇ ಬೇಗ ಕಾಯಿ ಬಿಡುತ್ತದೆ.

ಕಥೆಯ ನಡುವೆ ನಿಂತಿರುವವನು, ಕೆರೆಯ ನೀರನ್ನು ಹೊಲಗಳಿಗೆ ಬಿಡುವ ನೀರುಗಂಟಿಯ ಹಾಗೆ, ಒಬ್ಬ ಹೊತ್ತುಗಂಟಿ. ಅವನನ್ನು ಬರೆಯುವ ಮೊದಲು ನಮ್ಮ ಕಡೆಯ ಹಳ್ಳಿಯೊಂದರಲ್ಲಿ ಹಿಂದೆ ತೂಬು ನೋಡಿಕೊಳ್ಳುತ್ತಿದ್ದ ಅಜ್ಜನ ಹತ್ತಿರ ಹೋಗಿ ಕೂತಿದ್ದೆ. ‘ಕೈಗಿಂತ ಕಿವಿ ಮುಖ್ಯ ಕಣವ್ವ’ ಅಂದರು. ಬಿರಡೆ ಎತ್ತಿದಾಗ ನೀರು ಒಳಗೆ ಗೊರಗೊರ ಅಂದರೆ ಕಸ ಸಿಕ್ಕಿದೆ, ಒಂದೇ ಸಮನೆ ಸುಂಯ್ ಅಂದರೆ ಸರಿ. ಹೇಳುವಾಗ ಬಲಗೈಯನ್ನು ಗಾಳಿಯಲ್ಲಿ ಹಿಡಿಯಾಗಿ ಮುಚ್ಚಿ, ಬಿರಡೆ ತಿರುವುವಂತೆ ಒಂದಿಷ್ಟೇ ತಿರುವಿದರು. ನನ್ನ ಹೊತ್ತುಗಂಟಿಯೂ ಹಾಗೆಯೇ ತಿರುವುತ್ತಾನೆ, ಕೇಳುತ್ತಾನೆ. ಅವನಿಗೆ ಬೇರೆ ಮಾಯೆ ಯಾವುದನ್ನೂ ನಾನು ಕೊಡಲಿಲ್ಲ, ಆ ಅಜ್ಜನ ಕಿವಿಯೇ ಸಾಕೆನಿಸಿತು.

ಜಗಳಕ್ಕೆ ದೂರ ಹೋಗಬೇಕಾಗಲಿಲ್ಲ. ಭದ್ರಾ ನಾಲೆಯ ಕೊನೇ ಭಾಗದ ಹೊಲಗಳಿಗೆ ನೀರು ಮುಟ್ಟಲಿಲ್ಲ ಎಂಬ ಕೂಗು ದಾವಣಗೆರೆ ಸೀಮೆಯಲ್ಲಿ ಎಲ್ಲರಿಗೂ ಗೊತ್ತು. ಗಳಿಗೆಸೀಮೆಯ ಕೊನೇ ಊರಿಗೂ ಹೊತ್ತು ಮುಟ್ಟುವುದಿಲ್ಲ. ಆ ಊರಿನವರು ಕೊಡುವುದರಲ್ಲೂ ಇಲ್ಲ, ಪಡೆಯುವುದರಲ್ಲೂ ಇಲ್ಲ. ಅವರ ಮೊಸರು ಮಾತ್ರ ಸರಿಯಾದ ಹೊತ್ತಿಗೆ ಹೆಪ್ಪುಗಟ್ಟುತ್ತದೆ. ನನ್ನ ನಾಯಕಿ ಆ ಊರಿನವಳು.

ಈಗ ಬರೆಯುತ್ತಿರುವುದು ಕೋಡಿಯ ಅಧ್ಯಾಯ. 1933ರಲ್ಲಿ ಕೋಡಿ ಬಿದ್ದ ನಮ್ಮ ಜಿಲ್ಲೆಯ ವಾಣಿವಿಲಾಸ ಸಾಗರ ಜಲಾಶಯ ಮತ್ತೆ ಕೋಡಿ ಬಿದ್ದದ್ದು 2022ರಲ್ಲಿ, 89 ವರ್ಷಗಳ ಮೇಲೆ. ನೀರು ಕೋಡಿ ಬಿದ್ದರೆ ಬಾಗಿನ, ಜಾತ್ರೆಯಂಥ ಜನ, ಸಂಭ್ರಮ. ಹೊತ್ತು ಕೋಡಿ ಬಿದ್ದರೆ ಏನು? ತಲೆಮಾರುಗಳಿಂದ ತಡೆದಿಟ್ಟದ್ದೆಲ್ಲ ತಗ್ಗಿನ ಪಟ್ಟಣದಲ್ಲಿ ಒಂದೇ ದಿನ ಆಗಿಬಿಡುತ್ತದೆ: ಗೋಡೆ ಹಳೆಯದಾಗುತ್ತದೆ, ಮಕ್ಕಳು ದೊಡ್ಡವರಾಗುತ್ತಾರೆ, ಮರ ಹೂಬಿಟ್ಟು ಕಾಯಾಗಿ ಒಣಗುತ್ತದೆ. ಮೊದಲೇ ತೂಬು ಎತ್ತಿ ಸ್ವಲ್ಪಸ್ವಲ್ಪವಾಗಿ ಬಿಟ್ಟುಬಿಡಬಹುದು, ಆದರೆ ಹಾಗೆ ಬಿಟ್ಟದ್ದು ಯಾವ ಊರಿನ ಮೇಲೆ ಹರಿಯಬೇಕೆಂದು ಯಾರಾದರೂ ಹೇಳಬೇಕು. ಹೊತ್ತುಗಂಟಿ ಆ ಪ್ರಶ್ನೆಯನ್ನು ಪಂಚಾಯಿತಿ ಕಟ್ಟೆಗೆ ತಂದಿದ್ದಾನೆ, ಕೊನೇ ಊರಿನಿಂದ ನಾಯಕಿಯೂ ಬಂದು ಕೂತಿದ್ದಾಳೆ.