ಮೂರು ಜನ, ಮಾರ್ಕನ ಸುವಾರ್ತೆ, ಅರ್ಧ ಎತ್ತಿದ ಶಟರ್: ಶಿಷ್ಯತ್ವದಲ್ಲಿ ನನ್ನ ಅನುಭವ

ಮೂರು ಜನರನ್ನು ಕೂರಿಸಿಕೊಂಡು, ಯೇಸುವಿನ ಮಾತಿನಂತೆ ಬದುಕುವ ಶಿಷ್ಯತ್ವ ಕಲಿಸಲು ಹೊರಟಾಗ "ಇದು ಆಗೋ ಕೆಲಸ ಅಲ್ಲ ಬಿಡ್ರಿ" ಎಂದಿದ್ದ ನಮ್ಮ ಸಭೆಯ ಹಿರಿಯರೊಬ್ಬರು ಈಚೆಗೆ ತಮ್ಮ ಮಗನನ್ನೇ ನನ್ನ ಹತ್ತಿರ ಕಳಿಸಿದ್ದಾರೆ. ಅದಕ್ಕೇ ಈಗ ಧೈರ್ಯವಾಗಿ ಬರೆಯುತ್ತಿದ್ದೇನೆ.

ನಾನು ಪಾದ್ರಿಯಲ್ಲ. ಹುಬ್ಬಳ್ಳಿಯಲ್ಲಿ ಮೋಟಾರ್ ರಿವೈಂಡಿಂಗ್ ಅಂಗಡಿ ನನ್ನದು. ನಮ್ಮದು ಸ್ವಿಟ್ಜರ್ಲೆಂಡಿನ ಬಾಸೆಲ್ ಊರಿನ ಮಿಶನರಿಗಳು ಕಟ್ಟಿದ ಹಳೇ ಬಾಸೆಲ್ ಮಿಶನ್ ಸಭೆ, ಈಗ ಸಿಎಸ್‌ಐ (ಚರ್ಚ್ ಆಫ್ ಸೌತ್ ಇಂಡಿಯಾ). ಇದನ್ನು ಓದುವವರು ಸಂಡೇ ಸ್ಕೂಲ್, ದೃಢೀಕರಣದ (ಮಕ್ಕಳು ಸಭೆಯ ಪೂರ್ಣ ಸದಸ್ಯರಾಗುವ ವಿಧಿಯ) ತರಗತಿ, ಯುವಜನ ಕೂಟ ನಡೆಸಿ ಕೈ ಸುಟ್ಟುಕೊಂಡವರೇ ಇರಬೇಕು. ಹಾಗಾಗಿ ಮತ್ತಾಯ 28ರ ವ್ಯಾಖ್ಯಾನಕ್ಕೆ ಹೋಗುವುದಿಲ್ಲ. ಅಲ್ಲಿ ಯೇಸು ಶಿಷ್ಯರನ್ನು ಮಾಡಿರಿ ಅಂದದ್ದು ಎಲ್ಲರಿಗೂ ಗೊತ್ತು, ಹೇಗೆ ಅನ್ನುವಲ್ಲೇ ಎಲ್ಲರೂ ಎಡವುವುದು.

ಮೊದಲು ದುಡ್ಡು ಹೋದ ಲೆಕ್ಕ ಹೇಳಿಬಿಡುತ್ತೇನೆ. ಆರೇಳು ವರ್ಷದ ಹಿಂದೆ ಸುಗ್ಗಿ ಹಬ್ಬದ ಹರಾಜಿನಲ್ಲಿ ಒಳ್ಳೇ ದುಡ್ಡು ಬಂತು. ಒಂದು ನಿಂಬೆಹಣ್ಣು ಎರಡು ಸಾವಿರಕ್ಕೆ ಹೋಗುವ ಸಭೆ ನಮ್ಮದು. ಅದರಲ್ಲಿ ಎಂಟೊಂಬತ್ತು ಸಾವಿರ ಕೊಟ್ಟು 'ಶಿಷ್ಯತ್ವ ತರಬೇತಿ' ಪುಸ್ತಕ ತರಿಸಿದೆವು, ನಲವತ್ತರ ಆಸುಪಾಸು ಸೆಟ್ಟು. ಇಂಗ್ಲಿಷಿನಿಂದ ಯಾರೋ ಅವಸರದಲ್ಲಿ ಕನ್ನಡಕ್ಕೆ ಇಳಿಸಿದ್ದು, ಪುಟಪುಟಕ್ಕೂ ಬಿಟ್ಟ ಸ್ಥಳ ತುಂಬಿರಿ. ಎಲ್ಲಾದರಲ್ಲೂ 'ಯೇಸು' ಅಂತ ಬರೆದರೆ ಹತ್ತರಲ್ಲಿ ಏಳು ಉತ್ತರ ಸರಿ. ನಮ್ಮ ಹುಡುಗರು ಅದನ್ನು ಎರಡನೇ ವಾರದಲ್ಲೇ ಕಂಡುಹಿಡಿದರು. ಮೊದಲ ದಿನ ಹಾಲ್ ತುಂಬಿತ್ತು. ಎರಡು ತಿಂಗಳಾಗುವಷ್ಟರಲ್ಲಿ ನಾನು, ಗಂಟೆ ಹೊಡೆಯುವ ಅಜ್ಜ, ಮಳೆಗೆ ನಿಂತ ಇನ್ನೊಬ್ಬ. ಉಳಿದ ಸೆಟ್ಟುಗಳು ಇವತ್ತಿಗೂ ವೆಸ್ಟ್ರಿಯ (ಚರ್ಚಿನ ಪಕ್ಕದ ಕೋಣೆಯ) ಕಪಾಟಿನಲ್ಲಿವೆ.

ಮರುವರ್ಷ ದಾಂಡೇಲಿ ಕಡೆ ಮೂರು ದಿನದ ಕ್ಯಾಂಪ್. ಬಸ್ಸು, ಊಟ, ಬೆಂಗಳೂರಿನಿಂದ ಬಂದ ಪ್ರಸಂಗಿಗಳ ರೈಲಿನ ಖರ್ಚು, ಕೈಗಿಟ್ಟ ಕವರು ಎಲ್ಲ ಸೇರಿ ಅರವತ್ತು ಸಾವಿರ ದಾಟಿತ್ತು ಅಂತ ನೆನಪು. ಕೊನೇ ರಾತ್ರಿ ಬೆಂಕಿ ಸುತ್ತ ಕೂತು ಅಳದವರಿಲ್ಲ. ಮುಂದಿನ ಭಾನುವಾರ ಅದೇ ಹಿಂದಿನ ಬೆಂಚು, ಅದೇ ಮೊಬೈಲು. ಕ್ಯಾಂಪ್ ಬೇಡ ಅನ್ನುವುದಿಲ್ಲ, ಅಲ್ಲಿ ಎರಡು ಮದುವೆ ಕುದುರಿದವು. ಆದರೆ ಶಿಷ್ಯತ್ವದ ಹೆಸರಲ್ಲಿ ಆ ದುಡ್ಡು ಬರೆಯಬಾರದು. ವಾಟ್ಸಾಪ್ ಗುಂಪಿನ ಕಥೆ ಹೇಳುವುದೇ ಬೇಡ: ಬೆಳಿಗ್ಗೆ ಗುಲಾಬಿ ಹೂವಿನ ಮೇಲೊಂದು ವಚನ, ಸಂಜೆ ಚುನಾವಣೆ ಜಗಳ.

ಆಮೇಲೆ ಮಾರ್ಕ 3:14 ಹಿಡಿದು ಕೂತೆ. ಯೇಸು ಹನ್ನೆರಡು ಮಂದಿ ಶಿಷ್ಯರನ್ನು ನೇಮಿಸಿದ್ದಕ್ಕೆ ಅಲ್ಲಿ ಹೇಳಿರುವ ಮೊದಲ ಕಾರಣ, ತನ್ನ ಜೊತೆ ಇರಲಿ ಅಂತ. ಕಳಿಸುವ ಮಾತು ಆಮೇಲೆ. ನನ್ನ ಅಂಗಡಿಯಲ್ಲಿ ಇಪ್ಪತ್ತು ವರ್ಷದಲ್ಲಿ ಹತ್ತಾರು ಹುಡುಗರು ವೈಂಡಿಂಗ್ ಕಲಿತಿದ್ದಾರೆ. ಒಬ್ಬನೂ ಪುಸ್ತಕ ಓದಿ ಕಲಿತಿಲ್ಲ. ಮೊದಲ ತಿಂಗಳು ಸುಟ್ಟ ತಂತಿ ಕಿತ್ತು ಸುತ್ತು ಎಣಿಸುವುದು, ಆಮೇಲೆ ಪೇಪರ್ ಕತ್ತರಿಸಿ ಸ್ಲಾಟಿಗೆ ಹಾಕುವುದು, ಆಮೇಲೆ ಕಾಯಿಲ್. ಪಕ್ಕದಲ್ಲಿ ಕೂತು ನೋಡಿ, ಕೆಡಿಸಿ, ಬೈಸಿಕೊಂಡು ಕಲಿತರು. ಸಭೆಯಲ್ಲಿ ಮಾತ್ರ ಯಾಕೆ ಎಲ್ಲರನ್ನೂ ಬೆಂಚಿನ ಮೇಲೆ ಕೂರಿಸಿ ಮಾತಾಡುತ್ತಿದ್ದೇವೆ ಅನ್ನಿಸಿತು.

ಹೀಗೆ ಶುರುವಾಯಿತು: ಬುಧವಾರ ಬೆಳಿಗ್ಗೆ ಆರಕ್ಕೆ, ಅಂಗಡಿಯ ಶಟರ್ ಅರ್ಧ ಎತ್ತಿ, ನನ್ನ ಜೊತೆ ಮೂರು ಜನ. ಮಾರ್ಕನ ಸುವಾರ್ತೆಯ ಬಿಡಿ ಪುಸ್ತಿಕೆಗಳು ಪುಡಿಗಾಸಿಗೆ ಸಿಗುತ್ತವೆ, ತಲೆಗೊಂದು. ಮೊಬೈಲು ಡಬ್ಬಿಯಲ್ಲಿ. ವಾರಕ್ಕೆ ಹತ್ತು ಹದಿನೈದು ವಚನ, ಎರಡು ಸಲ ಗಟ್ಟಿಯಾಗಿ ಓದುವುದು, ಪುಸ್ತಿಕೆ ಮುಚ್ಚಿ ಒಬ್ಬ ಅದನ್ನೇ ಬಾಯಲ್ಲಿ ಹೇಳುವುದು. ಇದರಲ್ಲಿ ಮಾಡಬೇಕಾದದ್ದು ಏನಿದೆ, ಈ ವಾರ ನೀನು ಏನು ಮಾಡುತ್ತೀ? ಅಷ್ಟೇ ಪ್ರಶ್ನೆ. ಮುಂದಿನ ಬುಧವಾರ ಓದುವುದಕ್ಕೂ ಮುಂಚೆ, ಮಾಡಿದ್ಯಾ? ಮಾಡದೇ ಇದ್ದರೆ ಹೊಸ ಭಾಗ ಇಲ್ಲ, ಅದೇ ಮತ್ತೊಮ್ಮೆ. ಹಾಗೆ ಒಂದೇ ಅಧ್ಯಾಯದಲ್ಲಿ ತಿಂಗಳುಗಟ್ಟಲೆ ನಿಂತದ್ದೂ ಉಂಟು. ಏಳಕ್ಕೆ ಚಹಾ, ಮುಗೀತು.

ಮೂರೇ ಯಾಕೆ? ಇಬ್ಬರಿದ್ದು ಒಬ್ಬ ತಪ್ಪಿಸಿದರೆ ಅದು ಬುದ್ಧಿ ಹೇಳುವ ಕೂಟವಾಗುತ್ತದೆ. ನಾಲ್ವರಾದರೆ ಒಬ್ಬ ಇನ್ನೊಬ್ಬನ ಹಿಂದೆ ಅಡಗುತ್ತಾನೆ. ಆರಿಸುವುದಕ್ಕೆ ನನ್ನದೊಂದು ಸಣ್ಣ ಪರೀಕ್ಷೆ ಇದೆ. ಅದನ್ನು ಇಲ್ಲಿ ಬರೆದರೆ ಬರುವವರು ತಯಾರಾಗಿಯೇ ಬರುತ್ತಾರೆ, ಹಾಗಾಗಿ ಬರೆಯುವುದಿಲ್ಲ. ಉದ್ದುದ್ದ ಪ್ರಾರ್ಥನೆ ಮಾಡುವವರನ್ನು ಮೊದಲು ಹಿಡಿಯಬೇಡಿ ಅಂತ ಮಾತ್ರ ಹೇಳುತ್ತೇನೆ.

ಮಾಡಿದ್ಯಾ ಅನ್ನುವ ಪ್ರಶ್ನೆಯ ಬಿಸಿ ಗೊತ್ತಾದದ್ದು ಏಳನೇ ಅಧ್ಯಾಯದಲ್ಲಿ. ಕೊರ್ಬಾನ್ ಭಾಗ: ದೇವರಿಗೆ ಕೊಟ್ಟಿದ್ದೇನೆ ಅಂತ ಹೇಳಿ ತಂದೆತಾಯಿಗೆ ಕೊಡಬೇಕಾದ್ದನ್ನು ತಪ್ಪಿಸುವವರ ಮಾತು. ಪ್ಲಂಬಿಂಗ್ ಕೆಲಸದ ಹುಡುಗನೊಬ್ಬ ಬಾಯಲ್ಲಿ ಹೇಳುತ್ತಾ ಹೇಳುತ್ತಾ ನಡುವೆ ನಿಂತ. ಚರ್ಚಿನ ಹೊಸ ಗಂಟೆಯ ನಿಧಿಗೆ ಐದು ಸಾವಿರ ಕೊಟ್ಟು ಹೆಸರು ಓದಿಸಿಕೊಂಡಿದ್ದವನು ಅವನು.

"ಅಣ್ಣಾರ, ಊರಾಗ ಅವ್ವಗ ರೊಕ್ಕ ಕಳಿಸಿ ಭಾಳ ದಿನ ಆತು."

"ಹಂಗಾರ ಈ ವಾರ ಏನ್ ಮಾಡ್ತಿ?"

ಮುಂದಿನ ಬುಧವಾರ ಕೂರುವ ಮೊದಲೇ ಫೋನ್‌ಪೇ ತೆಗೆದು ತೋರಿಸಿದ. ತೋರಿಸು ಅಂತ ನಾನು ಕೇಳಿರಲಿಲ್ಲ. ಅವನ ಪಕ್ಕದಲ್ಲಿದ್ದ ವೈರಿಂಗ್ ಹುಡುಗ ಆವತ್ತು ಪೂರ್ತಿ ಸುಮ್ಮನಿದ್ದ. ಎರಡು ವಾರ ಕಳೆದ ಮೇಲೆ, ಗಿರಾಕಿಗಳಿಗೆ ಮೀಟರ್ ಬೈಪಾಸ್ ಮಾಡಿಕೊಡುವುದನ್ನು ಬಿಟ್ಟೆ ಅಂತ ತಾನಾಗಿಯೇ ಹೇಳಿದ. ಅದರಿಂದ ಅವನಿಗೆ ತಿಂಗಳಿಗೆ ಮೂರ್ನಾಲ್ಕು ಸಾವಿರ ಕಡಿಮೆಯಾಯಿತು. ಗೋಪುರ ಕಟ್ಟುವವನು ಮೊದಲು ಕೂತು ಖರ್ಚಿನ ಲೆಕ್ಕ ಹಾಕಬೇಕು ಅನ್ನುವ ಲೂಕ 14ರ ಮಾತು ಪ್ರಸಂಗದಲ್ಲಿ ಕೇಳಲು ಚೆನ್ನಾಗಿರುತ್ತದೆ. ಲೆಕ್ಕ ರೂಪಾಯಿಯಲ್ಲಿ ಬಂದಾಗ ಕೂಟ ಬೇರೆಯಾಗುತ್ತದೆ.

ಇಷ್ಟರಲ್ಲಿ ಸಭೆಯಲ್ಲಿ ಗುಸುಗುಸು. "ಗುಂಪು ಕಟ್ಟಾಕ ಹತ್ಯಾನ", "ನಾಳೆ ಇವರನ್ನೆಲ್ಲಾ ಕರಕೊಂಡು ಬ್ಯಾರೆ ಸಭಾ ಮಾಡ್ತಾನ", "ಪೆಂತೆಕೋಸ್ತ್ ಆಗ್ಯಾನ" (ಅಂದರೆ ಬೇರೆ ಪಂಗಡ ಸೇರಿದ್ದಾನೆ). ಕಮಿಟಿಗೆ ಕರೆಸಿದರು. ಇದು ನಮ್ಮ ಬಾಸೆಲ್ ಮಿಶನ್ ಪದ್ಧತಿ ಅಲ್ಲ ಅಂತ ಒಬ್ಬರು ಹೇಳಿದ್ದೇ ನನಗೆ ಅನುಕೂಲವಾಯಿತು. ಮಿಶನ್ನಿನವರು 1834ರಲ್ಲಿ ಮಂಗಳೂರಿಗೆ ಬಂದರು, 1836ರಲ್ಲಿ ಬಂದ ಮಿಶನರಿ ಮೊಗ್ಲಿಂಗ್ ಹುಡುಗರನ್ನು ತನ್ನ ಜೊತೆಯಲ್ಲೇ ಇಟ್ಟುಕೊಂಡು ಕಲಿಸಿದ. 1844ರಲ್ಲಿ ದೀಕ್ಷಾಸ್ನಾನ ಪಡೆದ ಆನಂದರಾವ್ ಕೌಂಡಿನ್ಯ ಆತನ ಒಡನಾಟದಲ್ಲೇ ಬೆಳೆದು, ಬಾಸೆಲ್ಲಿಗೆ ಹೋಗಿ ಓದಿ, ಪಾದ್ರಿಯಾಗಿ ತಿರುಗಿ ಬಂದರು. ಪದ್ಧತಿ ಬಿಟ್ಟವರು ಯಾರು ಅಂತ ಕೇಳಿದೆ. ನಮ್ಮ ಪಾದ್ರಿ ಅಯ್ಯನವರು ನಕ್ಕರು. ಭಾನುವಾರದ ಆರಾಧನೆ ತಪ್ಪಿಸಿದವನಿಗೆ ಬುಧವಾರ ಜಾಗ ಇಲ್ಲ, ಕಾಣಿಕೆ ಅನ್ನುವ ಮಾತೇ ನನ್ನ ಅಂಗಡಿಯಲ್ಲಿ ಬರುವುದಿಲ್ಲ ಅಂತ ಬರೆದುಕೊಟ್ಟೆ. ಕಾಣಿಕೆಯ ಮಾತು ಕೇಳಿದ ಮೇಲೆ ವಿರೋಧ ಅರ್ಧ ಕರಗಿತು.

ಇನ್ನು ಮುಖ್ಯ ಸಂಗತಿ. ಎಲ್ಲಾ ಕೋರ್ಸುಗಳೂ ಮೊದಲು ಪೂರ್ತಿ ಕಲಿ, ಆಮೇಲೆ ಕಲಿಸು ಅನ್ನುತ್ತವೆ. ಮಾರ್ಕನಲ್ಲಿ ಹಾಗಿಲ್ಲ. ಆರನೇ ಅಧ್ಯಾಯದಲ್ಲೇ ಹನ್ನೆರಡು ಮಂದಿಯನ್ನು ಇಬ್ಬಿಬ್ಬರಾಗಿ ಕಳಿಸಿಯಾಗಿತ್ತು. ಪೇತ್ರನು ನೀನು ಕ್ರಿಸ್ತನು ಅಂದದ್ದು ಎಂಟನೇ ಅಧ್ಯಾಯದಲ್ಲಿ. ನಾಲ್ಕರ ಕೊನೆಯಲ್ಲಿ, ಗಾಳಿ ಸಮುದ್ರ ನಿಂತಾಗ, ಈತ ಯಾರಿರಬಹುದು ಅಂತ ನಡುಗುತ್ತಿದ್ದವರನ್ನೇ ಕಳಿಸಿದ್ದು! ಅದಕ್ಕೇ ನನ್ನಲ್ಲಿ ನಿಯಮ: ಆರನೇ ಅಧ್ಯಾಯ ಮುಟ್ಟಿದವನು ತನ್ನ ಮೂವರನ್ನು ಹುಡುಕಿ ಒಂದನೇ ಅಧ್ಯಾಯದಿಂದ ಶುರು ಮಾಡಬೇಕು. "ನನಗ ಏನೂ ಬರಂಗಿಲ್ರಿ" ಅಂದರೆ, ಹೋದ ವಾರ ಬಂದದ್ದನ್ನೇ ಹೇಳು. ಪೌಲ ತಿಮೊಥೆಗೆ ಬರೆದ ಎರಡನೇ ಪತ್ರದ 2:2ರಲ್ಲಿ ಪೌಲ, ತಿಮೊಥೆ, ನಂಬಿಗಸ್ತರು, ಅವರಿಂದ ಕಲಿಯುವ ಇತರರು ಅಂತ ನಾಲ್ಕು ತಲೆ ಎಣಿಸಬಹುದು. ನನ್ನಲ್ಲಿ ಮೂರನೇ ತಲೆಯವರೆಗೆ ಗಟ್ಟಿ, ನಾಲ್ಕನೆಯದು ಈಗ ಚಿಗುರುತ್ತಿದೆ. ಸದ್ಯ ನಡೆಯುತ್ತಿರುವ ಗುಂಪುಗಳು ಹದಿನೈದರ ಮೇಲೆ ಇರಬೇಕು, ಜನ ಐವತ್ತು ಚಿಲ್ಲರೆ. ಶುರುವಾದವುಗಳಲ್ಲಿ ಅರ್ಧ ಸತ್ತವು ಅನ್ನುವುದನ್ನೂ ಹೇಳಬೇಕು. ಹೆಚ್ಚಿನವು ಸತ್ತದ್ದು ಹತ್ತನೇ ಅಧ್ಯಾಯದಲ್ಲಿ, ಎಲ್ಲ ಮಾರಿ ಬಡವರಿಗೆ ಕೊಡು ಅಂದಾಗ ಆಸ್ತಿವಂತನು ಮುಖ ಬಾಡಿಸಿಕೊಂಡು ಹೋಗುವಲ್ಲಿ. ಕೆಲವು ಬರೀ ಮದುವೆ ಸೀಸನ್ನಿನಲ್ಲಿ.

ನಡುವೆ ಬೇರೆ ಪ್ರಯೋಗಗಳನ್ನೂ ಮಾಡಿದೆ. ದೃಢೀಕರಣದ ಮಕ್ಕಳ ಮೇಲೆ ಇದೇ ಹಾಕಿ ನೋಡಿದೆ, ಹಿಡಿಯಲಿಲ್ಲ. ಅವರ ಕಣ್ಣೆಲ್ಲ ಹೊಸ ಬಟ್ಟೆ, ಮೊದಲ ಕರ್ತನ ಭೋಜನದ ಫೋಟೋ ಮೇಲೆ. ಓದು ಬಾರದವರಿಗೆ ನನ್ನ ದನಿಯಲ್ಲೇ ರೆಕಾರ್ಡ್ ಮಾಡಿ ಮೆಮೊರಿ ಕಾರ್ಡಿಗೆ ಹಾಕಿಕೊಟ್ಟೆ. ಕಾಯಿಪಲ್ಯ ಮಾರುವ ಒಬ್ಬ ಅಮ್ಮ ತಕ್ಕಡಿ ಪಕ್ಕ ಸ್ಪೀಕರ್ ಇಟ್ಟುಕೊಂಡು ಮಾರ್ಕನ ಅಧ್ಯಾಯಗಟ್ಟಲೆ ಬಾಯಿಪಾಠ ಮಾಡಿದ್ದಾಳೆ. ಕುರುಡ ಭಿಕ್ಷುಕ ಬಾರ್ತಿಮಾಯನ ಕಥೆಯನ್ನು ಆಕೆ ಹೇಳುವ ಹಾಗೆ ನಮ್ಮ ಯಾವ ಪ್ರಸಂಗಿಯೂ ಹೇಳಲಾರರು. ಮೆಮೊರಿ ಕಾರ್ಡಿಗೆ ಎಲ್ಲ ಸೇರಿ ಎರಡು ಸಾವಿರ ಆಗಿರಬಹುದು, ನಾನು ಮಾಡಿದ ಖರ್ಚಿನಲ್ಲೆಲ್ಲ ಅದೇ ಲಾಭದ್ದು. ಹೆಣ್ಣುಮಕ್ಕಳದ್ದನ್ನು ನನ್ನ ಹೆಂಡತಿ ನೋಡಿಕೊಳ್ಳುತ್ತಾಳೆ. ಆಕೆಯ ಗುಂಪುಗಳು ನನ್ನವಕ್ಕಿಂತ ಕಡಿಮೆ ಸಾಯುತ್ತವೆ. ಏನು ಮಾಡುತ್ತೀ ಅಂದರೆ "ನೀವು ನಿಮ್ಮ ಮೋಟಾರ್ ನೋಡ್ರಿ" ಅನ್ನುತ್ತಾಳೆ. ಅವಳ ಗುಂಪಿನ ಹುಡುಗಿಯೊಬ್ಬಳು ಮದುವೆಯಾಗಿ ಬೆಳಗಾವಿಗೆ ಹೋದವಳು ಅತ್ತೆಯನ್ನೇ ಕೂರಿಸಿಕೊಂಡು ಶುರು ಮಾಡಿದ್ದಾಳಂತೆ. ಅತ್ತೆ ಮಾಡಿದ್ಯಾ ಅಂತ ಸೊಸೆಯನ್ನು ಕೇಳುವುದು ಎಲ್ಲ ಮನೆಯಲ್ಲೂ ಇದೆ, ಇಲ್ಲಿ ತಿರುವುಮುರುವು.

ಒಟ್ಟು ಖರ್ಚು? ಚಹಾ, ಪುಸ್ತಿಕೆ ಸೇರಿ ವರ್ಷಕ್ಕೆ ಐದಾರು ಸಾವಿರ, ನನ್ನ ಜೇಬಿನದ್ದೇ. ಈ ವರ್ಷ ಕಮಿಟಿಯವರು ತಾವಾಗಿಯೇ ಬಂದು, ಹತ್ತು ಸಾವಿರ ಎತ್ತಿಡುತ್ತೇವೆ, ಪುಸ್ತಕ ಅಚ್ಚು ಹಾಕಿಸೋಣ, ಮುಗಿಸಿದವರಿಗೆ ಸರ್ಟಿಫಿಕೇಟ್ ಕೊಡೋಣ ಅಂದರು. ಬೇಡ ಅಂದೆ. ಆ ದುಡ್ಡಿನಲ್ಲಿ ಚರ್ಚಿನ ಬೋರ್‌ವೆಲ್ ಮೋಟಾರ್ ಮಾಡಿಸಿಕೊಳ್ಳಿ ಅಂತ ಹೇಳಿದ್ದೇನೆ. ಸುಟ್ಟು ತಿಂಗಳಾಯಿತು, ನನ್ನ ಅಂಗಡಿಯಲ್ಲೇ ಬಿದ್ದಿದೆ, ಹಿಂದಿನ ಬಾಕಿಯನ್ನೇ ಇನ್ನೂ ಕೊಟ್ಟಿಲ್ಲ.