ಮೂಕಾಭಿನಯದಲ್ಲಿ ಇಬ್ಬರ ನಡುವಿನ ನಂಟನ್ನು ತೋರಿಸುವ ಬಗೆ

ಮೂಕಾಭಿನಯದಲ್ಲಿ ಬಾಂಧವ್ಯವನ್ನು ತೋರಿಸಲು ಹೊರಟವರು ಸಾಮಾನ್ಯವಾಗಿ ಮುಖಭಾವದಿಂದ ಆರಂಭಿಸುತ್ತಾರೆ. ಆರಂಭಿಸಬೇಕಾದದ್ದು ಇಬ್ಬರೂ ಹಿಡಿದಿರುವ, ಆದರೆ ಕಣ್ಣಿಗೆ ಕಾಣದ ಒಂದು ವಸ್ತುವಿನಿಂದ. ಫ್ರಾನ್ಸಿನ ಪ್ರಸಿದ್ಧ ಮೂಕಾಭಿನಯ ಕಲಾವಿದ ಮಾರ್ಸೆಲ್ ಮಾರ್ಸೋ ಅವರ ಗುರು ಎಟಿಯೆನ್ ಡೆಕ್ರೂ ಕೂಡ ಮುಖಕ್ಕಿಂತ ಮುಂಡದ ಚಲನೆಗೇ ಪ್ರಾಧಾನ್ಯ ಕೊಟ್ಟಿದ್ದರು.

ಮಲೆನಾಡಿನ ಅಡಿಕೆ ಕೊಯ್ಲಿನಲ್ಲಿ ಇಬ್ಬರು ಸೇರಿ ತುಂಬಿದ ಹೆಡಿಗೆಯನ್ನು (ದೊಡ್ಡ ಬುಟ್ಟಿಯನ್ನು) ಎತ್ತುವ ಕ್ರಿಯೆಯನ್ನೇ ಆರಿಸಿಕೊಳ್ಳಿ. ಮೊದಲು ನಿಜವಾದ ಹೆಡಿಗೆಯನ್ನು ಎತ್ತಿ, ಮೊಣಕಾಲು ಎಷ್ಟು ಬಾಗುತ್ತದೆ, ಬೆರಳುಗಳು ಹೇಗೆ ಬಿಗಿಯುತ್ತವೆ, ಉಸಿರು ಯಾವಾಗ ನಿಲ್ಲುತ್ತದೆ ಎಂಬುದನ್ನು ಗಮನಿಸಿ. ಆನಂತರ ಬರಿಗೈಯಲ್ಲಿ ಅದನ್ನೇ ಮಾಡಿ. ಇಬ್ಬರ ಅಂಗೈಗಳ ನಡುವಿನ ಅಂತರ ನಡೆಯುವಾಗಲೂ ಬದಲಾಗಕೂಡದು, ಬದಲಾದರೆ ಹೆಡಿಗೆ ಇಲ್ಲವಾಗುತ್ತದೆ. ನಂಟು ಹುಟ್ಟುವುದು ಮುಂದಿನ ಹಂತದಲ್ಲಿ: ಒಬ್ಬರು ದಣಿದಾಗ ಇನ್ನೊಬ್ಬರು ಅದನ್ನು ಕಂಡು, ಕ್ಷಣಕಾಲ ತಡೆದು, ಭಾರವನ್ನು ತಮ್ಮ ಕಡೆಗೆ ಎಳೆದುಕೊಳ್ಳಬೇಕು. ಆ ತಡೆಯನ್ನು ಅವಸರದಲ್ಲಿ ದಾಟಬೇಡಿ, ಏಕೆಂದರೆ ಪ್ರೇಕ್ಷಕರು ಕಾಳಜಿಯನ್ನು ಗುರುತಿಸುವುದು ಅಲ್ಲಿಯೇ. ತುಟಿಗಳನ್ನು ಅಲುಗಿಸಿ ಮಾತನ್ನು ಸೂಚಿಸುವುದನ್ನು ನಾನಂತೂ ಒಪ್ಪುವುದಿಲ್ಲ.

ಸಾಗರ ತಾಲ್ಲೂಕಿನ ಹೆಗ್ಗೋಡಿನಲ್ಲಿ ನೀನಾಸಮ್ ಎಂಬ ರಂಗಸಂಸ್ಥೆ 1980ರಲ್ಲಿ ರಂಗಶಿಕ್ಷಣ ಕೇಂದ್ರವನ್ನು ಆರಂಭಿಸಿತು. ಹತ್ತಿರದವರು ಅಲ್ಲಿನ ನಾಟಕಗಳನ್ನು ನೋಡುವಾಗ, ಮಾತಿಲ್ಲದ ನಟರು ಮಾತಾಡುವವರನ್ನು ಹೇಗೆ ಆಲಿಸುತ್ತಾರೆ ಎಂಬುದರ ಮೇಲೆ ಕಣ್ಣಿಡಲಿ.